ಬೆವರುಗಳ್ಳಿಗೆ ಇಪ್ಪತ್ತೊಂದು ಬೊಗಸೆ

4 ಜೂನ್ 2015, ಗುರುವಾರ

ಮೋಟಾರ್ ಮತ್ತೆ ಕೈಕೊಟ್ಟಿತು. ಹನ್ನೊಂದು ರೂಮಿನವರೂ ಬಕೆಟ್ ಹಿಡಿದು ಅಂಗಳದಲ್ಲಿ. ನಾನೇ ನೀರು ಕದ್ದಿಟ್ಟುಕೊಂಡಿರುವ ಹಾಗೆ ನನ್ನ ಮುಖ ನೋಡುತ್ತ. ಟ್ಯಾಂಕರ್‌ನವನಿಗೆ ನಾಲ್ಕು ಸಲ ಫೋನ್. 'ಆನ್ ದಿ ವೇ ಮೇಡಂ.' ಎಲ್ಲಿಯ ವೇ, ಅವನ ತಲೆ.

ಬೈರಮ್ಮ ಮೆಟ್ಟಿಲ ಕೆಳಗಿನ ತನ್ನ ರೂಮಿನ ಬಾಗಿಲಲ್ಲಿ ಕೂತು ಎಲೆಅಡಿಕೆ ಹಾಕುತ್ತಿದ್ದಳು. ಮೋಟಾರ್ ನೋಡಿಕೊಳ್ಳುವುದು, ಅಂಗಳ ಗುಡಿಸುವುದು ಅವಳ ಕೆಲಸ. ಕೇಳಿದರೆ, 'ಅದ್ಕೂ ವಯಸ್ಸಾಯ್ತಲ್ಲ ಅಮ್ಮಣ್ಣಿ' ಅಂದಳು. ವರ್ತೂರು ಕೆರೆ ಕೆಳಗಿನ ನಮ್ಮ ಹೊಲದಲ್ಲಿ ಅಪ್ಪನ ಕಾಲಕ್ಕೆ ನಲವತ್ತು ವರ್ಷ ದುಡಿದವಳು ಅಂತ ಇಟ್ಟುಕೊಂಡಿದ್ದೇನೆ. ಹೊಲ ಬೀಳುಬಿದ್ದು ಹತ್ತು ವರ್ಷ. ಇವಳನ್ನು ಸಾಕುವುದು ಮಾತ್ರ ತಪ್ಪಲಿಲ್ಲ.

ಮಧ್ಯಾಹ್ನ ಲೋಕೇಶ್ ಬಂದ. ತಮ್ಮ ಬಂದ ಅಂದರೆ ಏನೋ ಬೇಕು ಅಂತಲೇ.

'ಅಕ್ಕ, ವರ್ತೂರು ಹೊಲಕ್ಕೆ ಬಿಲ್ಡರ್ ಓಕೆ ಅಂದ. ಎಲ್ಲಾ ಪೇಪರ್ ಕ್ಲಿಯರ್. ಹೂ ಪಹಣಿ ಒಂದೇ ಬಾಕಿ.'

'ನಂಗೇನು ಸಿಗತ್ತೆ?'

'ಒಂದು ಫ್ಲ್ಯಾಟ್. ನಿನ್ನ ಹೆಸರಿಗೆ. ಬೇಕಾದ್ರೆ ಬರೆದು ಕೊಡ್ತೀನಿ.'

ನನ್ನ ಹೆಸರಿಗೆ! ಗಂಡನ ಮನೆ ಬಿಟ್ಟು ಬಂದು ಹನ್ನೆರಡು ವರ್ಷ. ಕುಂದಲಹಳ್ಳಿಯ ಈ ವಠಾರವನ್ನು ಅಪ್ಪ ಅವನ ಹೆಸರಿಗೇ ಬರೆದು ಹೋದರು. ನಾನು ಬರೀ ಬೈಗುಳ ತಿನ್ನುವ ಮ್ಯಾನೇಜರ್. 'ವೇಣಿ' ಅಂತ ನನ್ನ ಹೆಸರಿನ ಬೋರ್ಡ್ ಇರುವ ಒಂದು ಬಾಗಿಲು. ಒಳಗಿನಿಂದ ಚಿಲಕ ಹಾಕಿಕೊಂಡರೆ ಯಾರೂ ಎಬ್ಬಿಸಬಾರದು. ಬೇಕು. ಇಷ್ಟು ಬೇಕು ಅಂತ ನನಗೇ ಗೊತ್ತಿರಲಿಲ್ಲ.

6 ಜೂನ್, ಶನಿವಾರ

ಹೂ ಪಹಣಿಗೆ ಬೇಕಲ್ಲ ಅಂತ ಲೋಕೇಶ್ ಸರ್ಕಾರಿ ನರ್ಸರಿಯಿಂದ ಬೆವರುಗಳ್ಳಿ ಗಿಡ ತಂದಿಟ್ಟ. ಸೀಲ್ ಹಾಕಿದ ಕುಂಡ. ಚಿಕ್ಕಂದಿನಲ್ಲಿ ಬದುಗಳ ಮೇಲೆ ಎಷ್ಟೊಂದು ಇದ್ದವು, ಹತ್ತಿರದಿಂದ ನೋಡಿರಲಿಲ್ಲ. ಎಲೆ ಇಲ್ಲ, ಮುಳ್ಳಿಲ್ಲ. ಬೂದುಹಸಿರು ಕೊಂಬೆಗಳು, ಬೆರಳಿನಷ್ಟು ದಪ್ಪ. ಒಂದನ್ನು ಚಿವುಟಿ ನಾಲಿಗೆಗೆ ಹಚ್ಚಿದೆ. ಹಾಲು ಉಪ್ಪುಪ್ಪು.

ಜೊತೆಗೆ ಕೊಟ್ಟ ಚೀಟಿ ಮೂರು ಸಲ ಓದಿದೆ. ಈ ಗಿಡಕ್ಕೆ ಕಾಗದ ಪತ್ರ ಗೊತ್ತಿಲ್ಲ. ಯಾರ ಬೆವರು ಆ ಮಣ್ಣಿಗೆ ಇಳಿದಿದೆಯೋ ಅವರ ಕೈ ಗೊತ್ತು, ಅಷ್ಟೇ. ಹೊಲದ ಈಶಾನ್ಯ ಮೂಲೆಯಲ್ಲಿ ನೆಟ್ಟು ಒಂದೇ ಕೈಯವರು ಇಪ್ಪತ್ತೊಂದು ಬೆಳಿಗ್ಗೆ ನೀರು ಹಾಕಬೇಕು. ದಿನಕ್ಕೆ ಇಪ್ಪತ್ತೊಂದು ಬೊಗಸೆ. ಆ ಹೊಲಕ್ಕೆ ಹಿಂದೆ ಹರಿದ ಕೆರೆಯ ನೀರೇ ಆಗಬೇಕು. ಕೊಡ ಯಾರಾದರೂ ಹೊತ್ತು ತರಬಹುದು, ಹಾಕುವುದು ಬರಿಗೈಯಲ್ಲಿ. ಮೊಗ್ಗು ಯಾರು ನೀರು ಹಾಕಿದರೂ ಬರುತ್ತದೆ. ಕೊನೆಯ ಬೆಳಿಗ್ಗೆ ಬಿಸಿಲು ಬಿದ್ದ ಮೇಲೆ, ಮಣ್ಣಿಗೆ ಆ ಕೈಯ ಗುರುತಿದ್ದರೆ ಅರಳುತ್ತದೆ. ಇಲ್ಲದಿದ್ದರೆ ಕಣ್ಣೆದುರೇ ಕಪ್ಪಾಗಿ ಒಣಗುತ್ತದೆ.

ಅರಳಿದ ಮೇಲೆ ರೆವಿನ್ಯೂದವರು ಕೇಳುತ್ತಾರೆ, ಈ ನೆಲ ಯಾರದು ಅಂತ. ನೀರು ಹಾಕಿದವರು 'ಬಿಟ್ಟುಕೊಟ್ಟೆ' ಎಂದು ಹೆಬ್ಬೆಟ್ಟು ಒತ್ತಿದರೆ ಹೂ ಪಹಣಿ ನಮ್ಮದು. 'ನಂದು' ಅಂದರೆ ಅವರದು. ಕೋರ್ಟೂ ಇಲ್ಲ, ಕಚೇರಿಯೂ ಇಲ್ಲ. ಹೋದ ವರ್ಷ ಹೂಡಿಯಲ್ಲಿ ಪಾಪಯ್ಯ ಅನ್ನುವ ಮುದುಕ 'ನಂದು' ಅಂದೇಬಿಟ್ಟ. ಆ ಹೊಲದ ಮನೆಯವರು ಈಗ ಅವನ ಕಣ್ಣಿಗೆ ಬೀಳದ ಹಾಗೆ ಓಡಾಡುತ್ತಾರೆ.

ಅಪ್ಪ ಬದುವಿನ ಮೇಲೆ ಛತ್ರಿ ಹಿಡಿದು ನಿಲ್ಲುತ್ತಿದ್ದರು. ಲೋಕೇಶನ ಕಾಲಿಗೆ ಕೆಸರು ತಾಗಿದ್ದೇ ಇಲ್ಲ. ಉಳಿದಿದ್ದು ಬೈರಮ್ಮನ ಕೈ.

7 ಜೂನ್, ಭಾನುವಾರ

ಬೈರಮ್ಮನಿಗೆ ಹೇಳಿದೆ. ಕೈಯನ್ನು ಸೆರಗಿಗೆ ಒರೆಸಿಕೊಂಡಳು, ಸುಮ್ಮನೆ.

'ನನ್ ಕೈಲಾ? ಆವಾಗೆಲ್ಲ ಅದರ ನೆಳ್ಳು ತುಳಿಯಾಕೂ ನಮ್ಮನ್ನ ಬುಡ್ತಿರ್ಲಿಲ್ಲ ಅಮ್ಮಣ್ಣಿ.'

'ಈಗ ಕಾಲ ಬದಲಾಗಿದೆ. ನಿನಗೇನು ಬೇಕು ಕೇಳು.'

'ನಂಗೇನ್ ಬೇಕು? ನೆಲಕ್ಕೆ ನನ್ ಗುರ್ತೈತೋ ಇಲ್ವೋ, ಒಂದ್ ಕಿತ ನೋಡ್ಬೇಕು. ಊವು ಬುಡೋದ ಕಣ್ತುಂಬ ನೋಡ್ಬುಟ್ರೆ ಸಾಕು.'

ಸೀರೆ ಕೇಳುತ್ತಾಳೆ, ರೂಮು ಕೇಳುತ್ತಾಳೆ ಅಂದುಕೊಂಡಿದ್ದೆ. ಲೋಕೇಶನಿಗೆ ಫೋನಿನಲ್ಲಿ ಹೇಳಿದರೆ, 'ಏನೂ ಕೇಳಲಿಲ್ವಾ? ಹುಷಾರು ಕಣಕ್ಕ, ಪಾಪಯ್ಯನೂ ಏನೂ ಕೇಳಿರಲಿಲ್ಲ' ಅಂದ.

9 ಜೂನ್, ಮಂಗಳವಾರ. ಮೊದಲನೇ ದಿನ

ಬೆಳಿಗ್ಗೆ ಆರಕ್ಕೆ ಕೆರೆ ಏರಿಯ ಮೇಲೆ ಇನ್ನೋವಾಗಳ ಸಾಲು. ಒಂದೊಂದರಿಂದ ಒಬ್ಬ ಮುದುಕ, ಒಬ್ಬಳು ಮುದುಕಿ. ಏಸಿಯಲ್ಲಿ ಬಂದು ಬರಿಗಾಲಲ್ಲಿ ಇಳಿಯುತ್ತಾರೆ. ಎಲ್ಲ ಹೊಲಕ್ಕೂ ಒಂದೊಂದು ಕುಂಡ, ಒಂದೊಂದು ಜೊತೆ ಕೈ. ನಾವು ಆಟೋದಲ್ಲಿ ಹೋದೆವು.

ಕೆರೆಯೋ ಕೆರೆಯೋ! ಆಳುದ್ದದ ನೊರೆ, ಗಾಳಿಗೆ ಹಾರಿ ರಸ್ತೆಗೆ ಬೀಳುತ್ತದೆ. ಮೂಗು ಬಿಡಲಾಗುವುದಿಲ್ಲ. ಮೂರನೇ ರೂಮಿನ ಕೊಟ್ರಪ್ಪನನ್ನು ಕೊಡ ಹೊರಲು ಕರೆದುಕೊಂಡು ಹೋಗಿದ್ದೆ. ಕೊಪ್ಪಳದ ಕಡೆಯವನು, ಅಲ್ಲೇ ಪಕ್ಕದ ಸೈಟಿನಲ್ಲಿ ಸೆಂಟ್ರಿಂಗ್ ಕೆಲಸ. ನೊರೆ ಸರಿಸಿ ಕಪ್ಪು ನೀರು ತುಂಬಿಸಿಕೊಂಡು ಬಂದ.

'ಅಕ್ಕಾರ, ಈ ನೀರಾಗ ಕೈ ಇಡಬಾರ್ದ್ರಿ. ನಮ್ಮ ಸೈಟಿನಾಗ ಸಿಮೆಂಟಿಗೂ ಹಾಕಾಂಗಿಲ್ಲ.'

'ನೀನು ಇಂಜಿನಿಯರ್ರಾ?' ಅಂದೆ. ಕೊಡ ಇಳಿಸಿ ಬದಿಗೆ ಸರಿದ.

ಬೈರಮ್ಮ ಇಪ್ಪತ್ತೊಂದು ಬೊಗಸೆ ಹಾಕಿದಳು. ಪ್ರತಿ ಬೊಗಸೆಗೂ ಏನೋ ಹೇಳಿಕೊಳ್ಳುತ್ತಿದ್ದಳು. ಕಿವಿಗೊಟ್ಟು ಕೇಳಿದೆ. 'ಇಲ್ಲಿ ರಾಗಿ, ಇಲ್ಲಿ ಅವರೆ, ಇಲ್ಲಿ ಬಾವಿ ತೋಡಿದ್ದು.' ಲೆಕ್ಕ ಒಪ್ಪಿಸುತ್ತಿದ್ದಾಳೆ ಗಿಡಕ್ಕೆ. ನನಗೆ ಅದು ಹಿಡಿಸಲಿಲ್ಲ.

16 ಜೂನ್. ಎಂಟನೇ ದಿನ

ಬೈರಮ್ಮನ ಅಂಗೈ ಸಿಪ್ಪೆ ಏಳುತ್ತಿದೆ. ಬಲಗೈಯಲ್ಲಿ ಹಳೆಯ ಕುಡುಗೋಲಿನ ಗಾಯ, ಅದು ಬಾಯಿ ಬಿಟ್ಟಿದೆ. ಅರಿಶಿನ ಹಚ್ಚಿದೆ. ಗ್ಲೌಸ್ ಹಾಕುವ ಹಾಗಿಲ್ಲವಲ್ಲ. 'ಉರೀತದೆ' ಅಂದಳು, ನಗುತ್ತಲೇ.

19 ಜೂನ್. ಹನ್ನೊಂದನೇ ದಿನ

ಇವತ್ತು ಪಕ್ಕದ ಹೊಲದ ಗಿಡದ ಕೊನೆಯ ದಿನ. ನೀರು ಹಾಕಿದವನು ದ್ಯಾಮಣ್ಣ ಅಂತೆ, ಈ ಊರಿನವನೇ ಅಲ್ಲ. ಎಲ್ಲಿಂದಲೋ ಹಿಡಿದು ತಂದಿದ್ದಾರೆ. ಬಿಸಿಲು ಬಿತ್ತು. ಮೊಗ್ಗು ಒಂದು ಕ್ಷಣ ನಡುಗಿ, ಬುಡದಿಂದ ಕಪ್ಪೇರಿತು. ತುದಿ ಮುಟ್ಟುವಷ್ಟರಲ್ಲಿ ಪುಡಿ. ಕೂಲಿ ಸಿಕ್ಕಿದ್ದರಿಂದಲೋ ಏನೋ, ದ್ಯಾಮಣ್ಣ ನಕ್ಕ. ಹೊಲದವನು ಅವನ ಕೆನ್ನೆಗೆ ಬಾರಿಸಿದ.

ಬೈರಮ್ಮನ ಮುಖ ಬಿಳಿಚಿಕೊಂಡಿತು. ಆಟೋದಲ್ಲಿ ಇಡೀ ದಾರಿ ಒಂದೇ ಮಾತು. 'ನಂದೂ ಅಂಗಾದ್ರೆ ಅಮ್ಮಣ್ಣಿ? ನಂದೂ ಅಂಗಾಗ್ಬುಟ್ರೆ?'

22 ಜೂನ್, ಸೋಮವಾರ. ಹದಿನಾಲ್ಕನೇ ದಿನ

ಜ್ವರ. ಬೈರಮ್ಮನ ಬಲಗೈ ಮಣಿಕಟ್ಟಿನವರೆಗೂ ಊದಿದೆ. ಕ್ಲಿನಿಕ್ಕಿಗೆ ಕರೆದುಕೊಂಡು ಹೋದೆ. ಡಾಕ್ಟರಮ್ಮ ನನ್ನನ್ನು ಒಬ್ಬಳನ್ನೇ ಒಳಗೆ ಕರೆದರು.

'ಶುಗರ್ ತುಂಬಾ ಇದೆ. ಕೀವು ಒಳಗೆ ಹೋಗಿದೆ. ಇವತ್ತೇ ಅಡ್ಮಿಟ್ ಮಾಡಿಸಿ, ಕೈ ಉಳಿಯುತ್ತೆ.'

'ಒಂದು ವಾರ ಬಿಟ್ಟು?'

ಅವರು ನನ್ನನ್ನು ನೋಡಿದ ರೀತಿ ನನಗೆ ಬೇಕಿರಲಿಲ್ಲ. 'ಒಂದು ವಾರ ಬಿಟ್ಟರೆ ಕೈ ಇರಲ್ಲ ಮೇಡಂ.'

ಏಳು ಬೆಳಿಗ್ಗೆ ಬಾಕಿ. ಒಂದು ದಿನ ತಪ್ಪಿದರೂ ಮೊದಲಿನಿಂದ. ಬಿಲ್ಡರ್ ಕೊಟ್ಟಿರುವ ಗಡುವು ಜೂನ್ ಮೂವತ್ತು. ಹೊರಗೆ ಬೆಂಚಿನಲ್ಲಿ ಬೈರಮ್ಮ ಕೈಯನ್ನು ಮಗುವಿನ ಹಾಗೆ ಮಡಿಲಲ್ಲಿ ಇಟ್ಟುಕೊಂಡು ಕೂತಿದ್ದಳು. 'ಏನಂದ್ರು?'

'ಮಾತ್ರೆ ಕೊಟ್ಟಿದ್ದಾರೆ. ಇಳಿಯುತ್ತಂತೆ' ಅಂದೆ.

ನಿಜ ಹೇಳಿದ್ದರೂ ಅವಳು ಅಡ್ಮಿಟ್ ಆಗುತ್ತಿರಲಿಲ್ಲ. ಹೂ ನೋಡುವ ಹುಚ್ಚು ಅವಳಿಗೆ ನನಗಿಂತ ಜಾಸ್ತಿ. ಖಂಡಿತ ಆಗುತ್ತಿರಲಿಲ್ಲ. ಕೇಳಲಿಲ್ಲ ಅನ್ನುವುದು ಬೇರೆ ವಿಷಯ.

25 ಜೂನ್. ಹದಿನೇಳನೇ ದಿನ

ಎರಡು ಬೆರಳು ಕಪ್ಪಾಗಿವೆ. ಬೊಗಸೆ ಸೇರುತ್ತಿಲ್ಲ. ಮುಕ್ಕಾಲು ನೀರು ಸಂದಿಯಲ್ಲಿ ಸೋರುತ್ತದೆ. ಇಪ್ಪತ್ತೊಂದಕ್ಕೆ ಒಂದು ಗಂಟೆ ಹಿಡಿಯಿತು. ನಾನು ಎಣಿಸಿದೆ. ಹದಿನಾಲ್ಕಕ್ಕೆ ನಿಲ್ಲಿಸಿ ಕಣ್ಣು ಮುಚ್ಚಿದಳು. 'ಇನ್ನು ಏಳು' ಅಂದೆ.

ಹಿಂದಿರುಗಿದ ಮೇಲೆ ಕೊಟ್ರಪ್ಪ ಅಂಗಳದಲ್ಲಿ ಅಡ್ಡ ನಿಂತ.

'ಅಕ್ಕಾರ, ಮುದುಕಿ ಕೈ ಕೊಳಿಯಾಕ ಹತ್ತೈತ್ರಿ. ನಾಳಿಂದ ನಾ ಕೊಡ ಹೊರಂಗಿಲ್ಲ. ದವಾಖಾನಿಗಿ ಕರ್ಕೊಂಡ್ ಹೊಕ್ಕೀನಿ.'

'ಕರ್ಕೊಂಡು ಹೋಗು. ಹಾಗೇ ರೂಮೂ ಖಾಲಿ ಮಾಡು, ಇವತ್ತೇ.'

ಅವನ ಹೆಂಡತಿ ಮರೆವ್ವನಿಗೆ ಏಳು ತಿಂಗಳು. ಅದು ಗೊತ್ತಿದ್ದೇ ಅಂದೆ. ಅವಳು ಬಾಗಿಲಲ್ಲಿ ನಿಂತು ಕೇಳಿಸಿಕೊಳ್ಳುತ್ತಿದ್ದಳು. ಕೊಟ್ರಪ್ಪ ಒಂದು ಸಲ ಅವಳನ್ನು ನೋಡಿದ, ಒಂದು ಸಲ ನನ್ನನ್ನು. ಕೊಡ ಎತ್ತಿಟ್ಟುಕೊಂಡು ಒಳಗೆ ಹೋದ.

ಊಟ ಸೇರಲಿಲ್ಲ. ಸೇರದಿದ್ದರೆ ಏನಾಯಿತು, ನಾಲ್ಕೇ ದಿನ.

28 ಜೂನ್, ಭಾನುವಾರ. ಇಪ್ಪತ್ತನೇ ದಿನ

ಮೊಗ್ಗು ಹೆಬ್ಬೆರಳಷ್ಟಾಗಿದೆ. ಬೈರಮ್ಮ ಅದರ ಮುಂದೆ ಕೂತವಳು ಏಳಲಿಲ್ಲ. ಎತ್ತಿಕೊಂಡು ಬಂದ ಕೊಟ್ರಪ್ಪ.

ಮಧ್ಯಾಹ್ನ ಲೋಕೇಶ್. ಒಳ್ಳೆಯ ದಾರಿ ಹುಡುಕಿದ್ದಾನೆ. ನೀರು ಹಾಕಿದವರು ಕಾಯಿಲೆ ಬಿದ್ದಿದ್ದರೆ ಹೂವಿನ ಮುಂದೆ ಇರಲೇಬೇಕು ಅಂತಿಲ್ಲ. ಡಾಕ್ಟರ್ ಸರ್ಟಿಫಿಕೇಟ್, ಮೊದಲೇ ಒತ್ತಿದ ಹೆಬ್ಬೆಟ್ಟು, ಎರಡೂ ಇದ್ದರೆ ಸಾಕು. ಸರ್ಟಿಫಿಕೇಟ್ ಸುಳ್ಳೂ ಅಲ್ಲ.

'ಅವಳು ಹೂ ಮುಂದೆ ಇದ್ರೆ ಏನಂತಾಳೋ ಯಾರಿಗೆ ಗೊತ್ತು? ರಿಸ್ಕ್ ಬೇಡ ಕಣಕ್ಕ.'

'ನೋಡ್ಬೇಕು ಅಂತ ಒಂದೇ ಆಸೆ ಅವಳಿಗೆ.'

'ಪಾಪಯ್ಯನಿಗೂ ನೋಡೋ ಆಸೆನೇ ಇದ್ದಿದ್ದು. ನೋಡಿದ ಮೇಲೆ ಆಸೆ ಜಾಸ್ತಿ ಆಯ್ತು. ನಿನ್ನ ಫ್ಲ್ಯಾಟು, ನಿನ್ನಿಷ್ಟ.'

ಅವಳು ಜ್ವರದ ಮಂಪರಿನಲ್ಲಿದ್ದಳು. ಎಡಗೈ ಹೆಬ್ಬೆಟ್ಟಿಗೆ ನಾನೇ ಇಂಕು ಹಚ್ಚಿದೆ. ಕಣ್ಣು ಬಿಟ್ಟಳು. 'ಏನಮ್ಮಣ್ಣಿ?' 'ಆಸ್ಪತ್ರೆ ಪೇಪರ್.' 'ಊ' ಅಂದು ತಾನೇ ಗಟ್ಟಿಯಾಗಿ ಒತ್ತಿದಳು.

29 ಜೂನ್, ಸೋಮವಾರ. ಬೆಳಿಗ್ಗೆ 7:15

ಇಪ್ಪತ್ತೊಂದೂ ಆಯಿತು. ಕೊನೆಯ ಏಳಕ್ಕೆ ಅವಳ ಕೈಗಳನ್ನು ಕೆಳಗಿನಿಂದ ನಾನು ಹಿಡಿದುಕೊಂಡಿದ್ದೆ. ವಾಸನೆ ತಡೆಯಲಾಗದೆ ಮುಖ ಆಚೆ ತಿರುಗಿಸಿದ್ದೆ.

ಆಟೋ ಹತ್ತಿಸುವಾಗ ಗಿಡದ ಕಡೆ ನೋಡುತ್ತಲೇ ಇದ್ದಳು. 'ಒಂದ್ ಗಳಿಗೆ ಕೂತ್ಕಂತೀನಿ. ಬಿಸ್ಲು ಬರ್ಲಿ.' ಅಧಿಕಾರಿ ಬರುವುದು ಒಂಬತ್ತಕ್ಕೆ, ಡ್ರಿಪ್ ಹಾಕಿಸಿ ವಾಪಸ್ ಕರೆತರುತ್ತೇನೆ ಅಂದೆ. ನಂಬಿದಳು. ಕೊಟ್ರಪ್ಪ ಸೈಟಿಗೆ ಹೋದ. ಮೆಟ್ಟಿಲ ಕೆಳಗಿನ ರೂಮಿನಲ್ಲಿ ಮಲಗಿಸಿದ್ದೇನೆ. ಹೊರಗಿನಿಂದ ಬೀಗ. ಡಾಕ್ಟರ್ ಬರುತ್ತಾರೆ ಅಂದಿದ್ದೇನೆ.

ಆಟೋ ಕಾಯುತ್ತಿದೆ. ಒಳಗಿನಿಂದ ಕರೆಯುತ್ತಿದ್ದಾಳೆ. 'ಅಮ್ಮಣ್ಣಿ, ಬಿಸ್ಲು ಬಂತು.'

ಅದೇ ದಿನ, 11 ಗಂಟೆ

ಅರಳಿತು.

ಹೂವಿನ ಬಣ್ಣ ನಮ್ಮ ಮಣ್ಣಿನದೇ, ಕೆಂಪು. ಅಂಗೈಯಗಲ. ಅರಳುವಾಗ ಸಣ್ಣಗೆ ಸದ್ದಾಯಿತು. ಆಮೇಲೆ ವಾಸನೆ. ನೀರು ಹಾಕಿದವರ ಬೆವರಿನ ವಾಸನೆ ಬರುತ್ತದೆ ಎಂದು ಕೇಳಿದ್ದೆ, ನಂಬಿರಲಿಲ್ಲ. ಎಲೆಅಡಿಕೆ, ಹೊಗೆ, ಹುಲ್ಲು, ಬಿಸಿಲು ತಿಂದ ಸೀರೆ. ನನ್ನನ್ನು ಸೊಂಟದ ಮೇಲೆ ಕೂರಿಸಿಕೊಂಡು ಬದುವಿನಗುಂಟ ನಡೆಯುತ್ತಿದ್ದಳಲ್ಲ, ಆ ವಾಸನೆ. ಸುತ್ತಲಿನ ಹೊಲಗಳವರೂ ತಿರುಗಿ ನೋಡಿದರು. ಇಷ್ಟು ದೊಡ್ಡ ಹೂ ಈ ಏರಿಯಾದಲ್ಲಿ ಯಾರಿಗೂ ಬಿಟ್ಟಿಲ್ಲವಂತೆ.

ಅಧಿಕಾರಿ ನರಸಪ್ಪನವರು ಕನ್ನಡಕ ತೆಗೆದು ಒರೆಸಿಕೊಂಡರು. 'ಯಾರಮ್ಮ ಈ ಕೈ? ಅವ್ರನ್ನ ಒಂದ್ಸಲ ನೋಡ್ಬೇಕಿತ್ತು.' ಲೋಕೇಶ್ ಸರ್ಟಿಫಿಕೇಟ್ ಮುಂದೆ ಹಿಡಿದ. ಸಹಿ ಬಿತ್ತು. ಬಿಸಿಲೇರಿದ ಹಾಗೆ ಹೂ ಮುದುಡಿ ಉದುರಿತು. ಅಲ್ಲಿಗೆ ಮುಗಿಯಿತು.

ನಾನು ಯಾಕೋ ಅತ್ತೆ. ಸಂತೋಷಕ್ಕೆ ಅಂದ ಲೋಕೇಶ್.

12:30

ಬೀಗ ತೆಗೆದೆ. ಗೋಡೆಗೆ ಒರಗಿ ಕೂತಿದ್ದಳು. ಬಾಗಿಲು ಬಡಿದು ಬಡಿದು ಎಡಗೈಯೂ ಕೆಂಪಾಗಿತ್ತು. ಬೈಯಲಿಲ್ಲ. ಬೈಯುತ್ತಾಳೆ ಅಂತ ಸಿದ್ಧಳಾಗಿ ಹೋಗಿದ್ದೆ.

'ಬುಡ್ತಾ?' ಅಂದಳು.

ಅವಳಿಗೆ ಹೇಳಿಬಿಟ್ಟರೆ? ನಾಳೆ ರಿಜಿಸ್ಟ್ರೇಷನ್. ಅಷ್ಟರಲ್ಲಿ ಯಾರಾದರೂ ಕಿವಿ ಊದಿ, ಇವಳು ಹೆಬ್ಬೆಟ್ಟು ನಾನು ತಿಳಿದು ಒತ್ತಿದ್ದಲ್ಲ ಅಂತ ಎದ್ದು ನಿಂತರೆ?

'ಇಲ್ಲ ಬೈರಮ್ಮ' ಅಂದೆ. 'ಒಣಗಿಹೋಯ್ತು.'

ನನ್ನನ್ನೇ ನೋಡಿದಳು. ಮೂಗು ಅರಳಿಸಿದಳು. 'ಎಂಥದೋ ವಾಸ್ನೆ ಬತ್ತದಲ್ಲ ನಿನ್ ಸೀರೆಲಿ.'

'ಕೆರೆದು.'

ತನ್ನ ಬೆವರಿನ ವಾಸನೆ ತನಗೆ ಗೊತ್ತಾಗುವುದಿಲ್ಲ ಯಾರಿಗೂ. ಕಪ್ಪಾದ ಬೆರಳು ನೋಡಿಕೊಂಡಳು. 'ನಲವತ್ ವರ್ಸ' ಅಂದಳು. 'ಗುರ್ತೇ ಇಲ್ವಂತಾ?' ಆಮೇಲೆ ಗೋಡೆಯ ಕಡೆ ತಿರುಗಿ ಮಲಗಿದಳು. ಆಸ್ಪತ್ರೆಗೆ ಹೋಗೋಣ ಅಂದರೆ, ಎಲ್ಲಿಗಾದ್ರೂ ಕರ್ಕೊಂಡೋಗು ಅಂದಳು.

1 ಜುಲೈ

ಬೈರಮ್ಮನ ಬಲಗೈಯನ್ನು ಮೊಣಕೈ ಕೆಳಗೆ ತೆಗೆದರು. ಫಾರಂ ತುಂಬುವ ನರ್ಸ್‌ಗೆ ನನ್ನ ತೋರಿಸಿ 'ಮಗಳು' ಅಂದಿದ್ದಾಳೆ. ಸಹಿ ಮಾಡಿದೆ.

ನಿನ್ನೆ ರಿಜಿಸ್ಟ್ರೇಷನ್ ಆಯಿತು. ಏಳನೇ ಮಹಡಿ, ಪೂರ್ವದ ಬಾಗಿಲು.

8 ಜುಲೈ, ಬುಧವಾರ

ಕೊಟ್ರಪ್ಪ ರೂಮು ಖಾಲಿ ಮಾಡಿದ. ಮರೆವ್ವನನ್ನು ಊರಿಗೆ ಕಳಿಸಿ ಬಂದಿದ್ದಾನೆ. ಕೀ ಕೊಡುವಾಗ ನನ್ನ ಕಣ್ಣಲ್ಲಿ ಕಣ್ಣಿಟ್ಟು ನೋಡಿದ. ಮೊದಲು ಹಾಗೆ ನೋಡಿದವನಲ್ಲ.

'ಹೊಲದಾಗ ಬಿಲ್ಡರ್ ಬೋರ್ಡ್ ಹಾಕ್ಯಾರ. ಒಣಗೇತಿ ಅಂದಿದ್ರಿ, ಹೂ ಬಿಡಲಾರ್ದ ಬೋರ್ಡ್ ಹೆಂಗ ಬಂತ್ರಿ?'

ಕೀಯನ್ನು ಗೊಂಚಲಿಗೆ ಪೋಣಿಸಿಕೊಂಡೆ.

'ಆಕಿ ಏನ್ ಹೇಳಬೇಕಂತಿದ್ಲು ಗೊತ್ತೇನ್ರಿ? ದಿನಾ ಕೊಡ ಇಳಿಸುವಾಗ ನನ್ ಮುಂದ ಹೇಳಿ ಹೇಳಿ ರೂಢಿ ಮಾಡ್ಕೊಂತಿದ್ಲು. ಬಿಟ್ಟುಕೊಟ್ಟೆ, ಬಿಟ್ಟುಕೊಟ್ಟೆ ಅಂತ. ನಾ ಅಂದೆ, ಯಾಕ ಬಿಟ್ಟು ಕೊಡ್ತಿ ಅವ್ವಾ, ನಂದು ಅನ್ನು ಅಂತ. ಅದಕ್ಕಾಕಿ, ಬಿಟ್ಟು ಕೊಡಬೇಕಂದ್ರ ಒಂದ್ ಗಳಿಗಿ ಆದ್ರೂ ನಂದಾಗಬೇಕಲ್ಲೋ ತಮ್ಮಾ, ಅಷ್ಟ ಸಾಕು ಅಂದ್ಲು.'

ಗಂಟು ಹೆಗಲಿಗೇರಿಸಿಕೊಂಡ.

'ನಾಳಿ ಮಧ್ಯಾಹ್ನದ ತನಕ ಟೈಮ್ ಕೊಡ್ತೀನ್ರಿ. ನೀವ ಹೇಳ್ರಿ. ನೀವು ಹೇಳಿದ್ರ ಆಕಿಗಿ ಸಮಾಧಾನ. ಇಲ್ಲಂದ್ರ ನಾ ಹೇಳ್ತೀನಿ.'

ಹೇಳುತ್ತೇನೆ. ರಿಜಿಸ್ಟ್ರೇಷನ್ ಆಗಿದೆ, ಇನ್ನು ಹೆದರಿಕೆ ಏನು? ಹೇಳಿ ಕಾಲು ಹಿಡಿದುಕೊಳ್ಳುತ್ತೇನೆ. ಹೂ ಎಷ್ಟು ದೊಡ್ಡದಿತ್ತು, ಎಂಥ ಕೆಂಪು, ಎಲ್ಲ ಹೇಳುತ್ತೇನೆ.

9 ಜುಲೈ, ಮಧ್ಯಾಹ್ನ 12:40. ಆಸ್ಪತ್ರೆ, ವಾರ್ಡಿನ ಹೊರಗಿನ ಬೆಂಚು

ಹೇಳಲೆಂದೇ ಹೋದೆ. ಹಾಸಿಗೆ ಪಕ್ಕ ಸ್ಟೂಲ್ ಎಳೆದುಕೊಂಡು ಕೂತೆ. ಬಾಯಿ ತೆರೆಯುವಷ್ಟರಲ್ಲಿ ಅವಳೇ ಶುರು ಮಾಡಿದಳು.

'ಅಮ್ಮಣ್ಣಿ, ನಿಂಗೊಂದ್ ಮಾತು ಯೋಳ್ಬೇಕು. ಬಾಳ ಯೋಚ್ನೆ ಮಾಡ್ದೆ. ತಪ್ಪು ನಂದೇಯ. ಕಳೆ ಕೀಳುವಾಗ ನಾನು ಎಷ್ಟೋ ದಪ ಮರದ ನೆಳ್ಳಲ್ಲಿ ಕುಂತಿವ್ನಿ. ಬಾಣಂತಿಲಿ ಮೂರ್ ತಿಂಗ್ಳು ಬರ್ಲೇ ಇಲ್ಲ. ನಿಮ್ಮಪ್ಪಾರು ಮೈಗಳ್ಳಿ ಅಂತಿದ್ರು, ನಂಗೆ ಕ್ವಾಪ ಬರದು. ಈಗ ನೆಲಾನೂ ಅದ್ನೇ ಅಂತಲ್ಲ. ಅದಕ್ಕೇನ್ ನನ್ ಮ್ಯಾಲೆ ದ್ವೇಸ ಐತಾ?'

'ಬೈರಮ್ಮ—' ಅಂದೆ.

'ಕೈ ಓಯ್ತು, ಓಗ್ಲಿ. ಗುರ್ತಿಲ್ದಿದ್ ಕೈ. ನಿಂಗೊಂದ್ ಮನೆ ಆಗೋದು ನನ್ನಿಂದ ತಪ್ಪೋಯ್ತಲ್ಲ, ಅದ್ಕೇ ನಿದ್ದೆ ಬರಾಕಿಲ್ಲ ನಂಗೆ.' ಉಳಿದ ಕೈ ಚಾಚಿ ನನ್ನ ಗಲ್ಲ ಮುಟ್ಟಿದಳು. 'ಕ್ಸಮಿಸ್ಬುಡವ್ವ. ಒಂದ್ ಮಾತು ಅಂದ್ಬುಡು, ಸಾಕು.'

ಆಗ ಹೇಳಬಹುದಿತ್ತು. ಪಕ್ಕದ ಹಾಸಿಗೆಯವರೆಲ್ಲ ನೋಡುತ್ತಿದ್ದರು. ಎಂಥ ಒಳ್ಳೆಯ ಮಗಳು ಎನ್ನುವ ಹಾಗೆ ನೋಡುತ್ತಿದ್ದರು. ಬೀಗ, ಹೆಬ್ಬೆಟ್ಟು, ಡಾಕ್ಟರಮ್ಮ ಹೇಳಿದ್ದು, ಎಲ್ಲ ಒಂದರ ಹಿಂದೆ ಒಂದು ಹೇಳಬೇಕಾಗುತ್ತಿತ್ತು. ಒಂದನ್ನು ಹೇಳಿ ಇನ್ನೊಂದನ್ನು ಬಿಡಲಾಗುವುದಿಲ್ಲ.

'ಆಯ್ತು ಬಿಡು ಬೈರಮ್ಮ' ಅಂದೆ. 'ಕ್ಷಮಿಸಿದ್ದೀನಿ.'

ಅವಳ ಮುಖ ಎಷ್ಟು ಹಗುರಾಯಿತು ಅಂದರೆ, ಹಾಗೇ ಕಣ್ಣು ಮುಚ್ಚಿದಳು. ಈಗ ನಿದ್ದೆ ಮಾಡುತ್ತಿದ್ದಾಳೆ. ನರ್ಸ್ ಬಂದು, ಎಷ್ಟೋ ದಿನಕ್ಕೆ ಅಜ್ಜಿ ಮಲಗಿದ್ದಾರೆ, ಎಬ್ಬಿಸಬೇಡಿ ಅಂದರು.

ಹೌದು. ಯಾಕೆ ಎಬ್ಬಿಸಬೇಕು? ಈಗ ಹೇಳಿದರೆ ಅವಳಿಗೇ ಹಿಂಸೆ. ಕೊಟ್ರಪ್ಪನಿಗೂ ಅದನ್ನೇ ಹೇಳಬೇಕು, ಒಪ್ಪದಿದ್ದರೆ ಸೆಕ್ಯೂರಿಟಿಗೆ ಹೇಳಿ, ಇವನು ನಮ್ಮ ಕಡೆಯವನಲ್ಲ ಅಂತ—

ಕೊಟ್ರಪ್ಪ ಮೆಟ್ಟಿಲು ಹತ್ತಿ ಬಂದ. ಕೈಯಲ್ಲಿ ಎಳನೀರು. ನನ್ನ ಕಡೆ ನೋಡಲೇ ಇಲ್ಲ, ನೇರ ವಾರ್ಡಿನ ಬಾಗಿಲಿಗೆ. ನಾನು ಎದ್ದು ಅವನನ್ನು ತಡೆಯಬೇಕು, ಈಗಲೇ—